ಡಬ್ಬಿಂಗ್ ನೀನೇ ಮಾಡು

ಕೋಥ್ರೂಡ್, ಪುಣೆ

ಚಿ. ಮಗಳಿಗೆ, ನಿನ್ನ ಅತ್ತೆಯ ಆಶೀರ್ವಾದಗಳು.

ನಿನ್ನ ಮರಾಠಿ ಸಿನಿಮಾ ನೋಡಿ ಬಂದೆ. ಇಲ್ಲಿನ ಕನ್ನಡದ ಗೆಳತಿಯರನ್ನೂ ಕರೆದುಕೊಂಡು ಹೋಗಿದ್ದೆ. ಬಸ್ ಸ್ಟ್ಯಾಂಡಿನಲ್ಲಿ ಕಂಡಕ್ಟರ್ ಜೊತೆ ಜಗಳಕ್ಕೆ ನಿಲ್ಲುತ್ತೀಯಲ್ಲ, ಆ ಕಣ್ಣು, ಸೊಂಟದ ಮೇಲಿಟ್ಟ ಕೈ, ಎಲ್ಲ ನಮ್ಮ ನಿಪ್ಪಾಣಿಯದ್ದೇ. ಬಾಯಿ ತೆರೆದರೆ ಮಾತ್ರ ಪುಣೆಯ ಸದಾಶಿವ ಪೇಠೆಯ ನಯವಾದ ಮರಾಠಿ! ಯಾರೋ ಬೇರೆಯವರು ಡಬ್ ಮಾಡಿದ್ದಾರೆ. ನನಗೆ ತುಂಬಾ ಸಂಕಟ ಆಯ್ತು.

'ನಿಮ್ಮ ಮಾತಿನಲ್ಲಿ ಕನ್ನಡದ ವಾಸನೆ ಇದೆ' ಅಂತ ಸಿನಿಮಾದವರು ಅಂದರಂತೆ, ನೀನು ಸುಮ್ನೆ ಒಪ್ಪಿಕೊಂಡೆಯಂತೆ. ಯಾಕೆ? ಸುಲೋಚನಾ ಲಾಟ್ಕರ್ ಹುಟ್ಟಿದ್ದು ನಮ್ಮ ಪಕ್ಕದ ಖಡಕಲಾಟದಲ್ಲಿ. ಕೊಲ್ಹಾಪುರದ ಜಯಪ್ರಭಾ ಸ್ಟುಡಿಯೋದಲ್ಲಿ ನಿರ್ದೇಶಕ ಭಾಲ್ಜಿ ಪೆಂಢಾರ್ಕರ್ ಕೈಯಲ್ಲಿ ಪಳಗಿ ಮರಾಠಿಯಲ್ಲಿ ನಾಯಕಿಯಾದರು. ಆಮೇಲೆ ಹಿಂದಿಯಲ್ಲಿ ತಾಯಿ ಪಾತ್ರ ಅಂದರೆ ಇವರೇ ಅನ್ನುವ ಹಾಗಾಯ್ತು. 1999ರಲ್ಲಿ ಪದ್ಮಶ್ರೀ, 2009ರಲ್ಲಿ ಮಹಾರಾಷ್ಟ್ರ ಭೂಷಣ. ಬೀಳಗಿಯ ಅಮೀರಬಾಯಿ 1943ರ ಹಿಂದಿ ಸಿನಿಮಾ 'ಕಿಸ್ಮತ್'ಗೆ ಹಾಡಿದರು, ಮುಂಬೈಯಲ್ಲೂ 'ಕರ್ನಾಟಕಿ' ಅಂತಲೇ ಹೆಸರಾದರು. ಗಡಿ ಕಡೆಯಿಂದ ಬಂದವಳು ಅಂತ ನೀನು ತಲೆ ತಗ್ಗಿಸಬೇಕಾಗಿಲ್ಲ.

ಹಾಗಂತ ಅಭ್ಯಾಸ ಬೇಡ ಅನ್ನುತ್ತಿಲ್ಲ. ನೀನು ಮರಾಠಿ ಡೈಲಾಗನ್ನು ಕನ್ನಡ ಅಕ್ಷರದಲ್ಲಿ ಬರೆದುಕೊಳ್ಳುತ್ತೀಯ. ಮರಾಠಿಯಲ್ಲಿ ಚಾಕುವಿನ ಚ ಬೇರೆ, ಚಾರ್ (ನಾಲ್ಕು) ಅನ್ನುವಾಗಿನ ಚ ಬೇರೆ. ಮೊದಲನೆಯದಕ್ಕೆ ನಾಲಿಗೆ ಹಲ್ಲಿಗೆ ತಾಗಬೇಕು. ಮರಾಠಿಯವರೂ ಎರಡನ್ನೂ ಒಂದೇ ಅಕ್ಷರದಲ್ಲಿ ಬರೆಯುತ್ತಾರೆ, ಅವರಿಗೆ ಕಿವಿಯಿಂದ ಬಂದಿರುತ್ತೆ. ನೀನು ಅಂಥ ಚ, ಜ ಬಂದ ಕಡೆ ಕೆಳಗೊಂದು ಕೆಂಪು ಚುಕ್ಕೆ ಇಡು. ಇಷ್ಟು ವರ್ಷ ಇಲ್ಲಿ ಡಬ್ಬಿಂಗ್ ಕೆಲಸ ಮಾಡಿದವಳು ಹೇಳುತ್ತಿದ್ದೇನೆ, ಮುಕ್ಕಾಲು ಪಾಲು ದೂರು ಅಲ್ಲಿಗೇ ನಿಲ್ಲುತ್ತೆ. ಊರ ಹುಡುಗಿಯ ಪಾತ್ರವಾದರೆ ನಿನ್ನ ರಾಗ ಇದ್ದರೇನೇ ಚೆಂದ.

ಇನ್ನು ದುಡ್ಡಿನ ಮಾತು. ಇದನ್ನು ಮನಸ್ಸಿಟ್ಟು ಓದು. ನಿನ್ನ ಸಂಬಳದ ಕೊನೆಯ ಕಂತು ಇನ್ನೂ ಬಂದಿಲ್ಲ ಅಂತ ಅಣ್ಣ ಹೇಳಿದ. ಹೇಗೆ ಬರುತ್ತೆ? ಶೂಟಿಂಗ್ ಮುಗಿದ ಮೇಲೆ ನಿರ್ಮಾಪಕರಿಗೆ ನಟಿಯ ಹತ್ತಿರ ಕೆಲಸ ಉಳಿಯುವುದು ಡಬ್ಬಿಂಗಿಗೆ ಮಾತ್ರ. ಬಾಕಿ ಚುಕ್ತಾ ಮಾಡಿಸಿಕೊಂಡು ಮೈಕ್ ಮುಂದೆ ನಿಲ್ಲುವುದು ನಮ್ಮಲ್ಲಿ ಮೊದಲಿನಿಂದ ನಡೆದು ಬಂದದ್ದು. ಬೇರೆಯವರ ದನಿಗೆ ಒಪ್ಪಿದ ದಿನವೇ ಆ ಹಿಡಿತ ಹೋಯ್ತು, ಅಲ್ವಾ?

ನಿನ್ನ ಮುಂದಿನ ಸಿನಿಮಾ ಕನ್ನಡ, ಮರಾಠಿ ಎರಡರಲ್ಲೂ ತೆಗೆಯುತ್ತಾರಂತೆ. ಅಂದರೆ ಒಂದೇ ಸೀನ್ ಎರಡು ಸಲ, ಎರಡು ಡೈಲಾಗ್, ದಿನಗಳೂ ಜಾಸ್ತಿ. ಒಂದು ಸಿನಿಮಾದ ಸಂಬಳಕ್ಕೆ ಒಪ್ಪಬೇಡ. ಎರಡಕ್ಕೂ ದನಿ ನಿನ್ನದೇ, ಡಬ್ಬಿಂಗಿಗೆ ಮೊದಲು ಪೂರ್ತಿ ಹಣ. ಇವೆರಡೂ ಕಾಗದದಲ್ಲಿ ಇರಲಿ. ಬಾಯಿಮಾತಿಗೆ ಬೆಲೆ ಇಲ್ಲ.

ಅಗ್ರಿಮೆಂಟ್ ಕೈಗೆ ಬಂದ ಕೂಡಲೆ ಪ್ರತಿ ಪುಟದ ಫೋಟೋ ತೆಗೆದು ನನಗೆ ವಾಟ್ಸಾಪ್ ಮಾಡು. ನಾವಿಬ್ಬರೂ ಕೂತು ಓದೋಣ, ಸಹಿ ಆಮೇಲೆ.

ನಿನ್ನ ಅತ್ತೆ