ಹೊರಗೆ ಆಡಿದ ಚೆಂಡು ಒಳಗೆ ಬೇಡ

ಮಾನ್ಯ ಸಂಪಾದಕರೇ,

ಬ್ಯಾಸ್ಕೆಟ್‌ಬಾಲ್ ಕೊಳ್ಳಲು ಹೋದವರು ಮೊದಲು ಕೇಳುವುದು ಕಂಪನಿಯ ಹೆಸರು, ಆಮೇಲೆ ಬೆಲೆ. ಯಾವ ನೆಲದ ಮೇಲೆ ಆಡುತ್ತೇವೆ ಎಂದು ಯೋಚಿಸಿ ಕೊಳ್ಳುವವರು ಕಡಿಮೆ. ಚೆಂಡು ಎಷ್ಟು ದಿನ ಬಾಳುತ್ತದೆ, ಕೈಗೆ ಹೇಗೆ ಕೂರುತ್ತದೆ ಎಂಬುದನ್ನು ತೀರ್ಮಾನಿಸುವುದು ಆ ನೆಲವೇ. ಮುಖ್ಯವಾಗಿ ‘ಒಳಾಂಗಣ ಮತ್ತು ಹೊರಾಂಗಣ’ ಎಂದು ಅಚ್ಚು ಹಾಕಿದ ಚೆಂಡು ಎರಡೂ ಕಡೆ ಸಮನಾಗಿ ನಡೆಯುತ್ತದೆ ಎಂದು ಶಾಲೆಗಳಲ್ಲೂ ಪೋಷಕರಲ್ಲೂ ಇರುವ ತಪ್ಪು ತಿಳಿವಳಿಕೆಯನ್ನು ಸರಿಪಡಿಸಲು ಈ ಪತ್ರ ಬರೆಯುತ್ತಿದ್ದೇವೆ.

ಚೆಂಡಿನ ಒಳಗಿನ ರಚನೆ ಹೆಚ್ಚುಕಡಿಮೆ ಒಂದೇ. ಗಾಳಿ ಹಿಡಿದಿಡುವ ಬ್ಲ್ಯಾಡರ್ ಸಾಮಾನ್ಯವಾಗಿ ಬ್ಯುಟೈಲ್ ರಬ್ಬರಿನದು. ಅದರ ಸುತ್ತ ನೈಲಾನ್ ಅಥವಾ ಪಾಲಿಯೆಸ್ಟರ್ ದಾರ ಸುತ್ತಿ, ಮೇಲೆ ರಬ್ಬರಿನ ಕವಚ ಹಾಕಿರುತ್ತಾರೆ. ಬೇರೆಯಾಗುವುದು ಹೊರಗಿನ ಹೊದಿಕೆ. ಅದು ಚರ್ಮ, ಸಿಂಥೆಟಿಕ್ ಚರ್ಮ ಅಥವಾ ರಬ್ಬರ್ ಆಗಿರುತ್ತದೆ.

ಅಪ್ಪಟ ಚರ್ಮದ ಚೆಂಡು ಮರದ ನೆಲಕ್ಕೆ ಮಾತ್ರ. ಹೊಸದರಲ್ಲಿ ಅದು ಗಡುಸು, ಕೈಯಿಂದ ಜಾರುತ್ತದೆ. ಕೆಲವು ವಾರ ಆಡಿ, ಅಂಗೈಯ ಜಿಡ್ಡು ಹೀರಿದ ಮೇಲೆಯೇ ಹದಕ್ಕೆ ಬರುತ್ತದೆ. ಹೀಗೆ ಹದಗೊಂಡ ಚರ್ಮದ ಹಿಡಿತಕ್ಕೆ ಆಟಗಾರರು ಎಷ್ಟು ಒಗ್ಗಿಹೋಗಿರುತ್ತಾರೆ ಎಂದರೆ, 2006ರಲ್ಲಿ ಅಮೆರಿಕದ ವೃತ್ತಿಪರ ಲೀಗ್ ಎನ್‌ಬಿಎ ಮೈಕ್ರೊಫೈಬರ್ ಎಂಬ ಸಿಂಥೆಟಿಕ್ ಹೊದಿಕೆಯ ಚೆಂಡನ್ನು ಜಾರಿಗೆ ತಂದಾಗ ಆಟಗಾರರ ವಿರೋಧಕ್ಕೆ ಮಣಿದು 2007ರ ಜನವರಿ 1ರಿಂದ ಮತ್ತೆ ಚರ್ಮದ ಚೆಂಡಿಗೇ ಮರಳಬೇಕಾಯಿತು. ಆದರೆ ಚರ್ಮ ನೀರು ಕುಡಿಯುತ್ತದೆ, ಊದಿ ಭಾರವಾಗುತ್ತದೆ, ಒಣಗಿದಾಗ ಬಿರುಸಾಗುತ್ತದೆ. ಕಲಿಯುವವರಿಗೆ ಇದರ ಅಗತ್ಯವಿಲ್ಲ.

ಸಿಂಥೆಟಿಕ್ ಚರ್ಮ, ಅಂದರೆ ಅಂಗಡಿಯಲ್ಲಿ ‘ಕಾಂಪೊಸಿಟ್’ ಎನ್ನುವುದು, ಸಾಮಾನ್ಯವಾಗಿ ನವಿರಾದ ನಾರಿನ ಬಟ್ಟೆಯ ಮೇಲೆ ಪಾಲಿಯುರೆಥೇನ್ ಲೇಪಿಸಿದ ಹೊದಿಕೆ. ಮೊದಲ ದಿನದಿಂದಲೇ ಹಿಡಿತ ಚೆನ್ನಾಗಿರುತ್ತದೆ, ಒಳ್ಳೆಯದಾದರೆ ಬೆವರಿದ ಕೈಗೂ ಸಿಗುತ್ತದೆ. ಒಳಾಂಗಣಕ್ಕೆ ನಮ್ಮ ಆಯ್ಕೆ ಇದೇ. ಕಾಂಕ್ರೀಟು, ಡಾಂಬರಿನ ಅಂಗಳಕ್ಕೆ ರಬ್ಬರ್. ಅಚ್ಚಿನಲ್ಲಿ ಬೇಯಿಸಿ ಮಾಡುವುದರಿಂದ ಬಿಲ್ಲೆಗಳು, ಅಂದರೆ ಅಂಟಿಸಿದ ಹೊದಿಕೆಯ ತುಂಡುಗಳು, ಕಿತ್ತುಬರುವ ಭಯವಿಲ್ಲ, ನೀರು ಬಿದ್ದರೆ ಒರೆಸಿದರಾಯಿತು. ಕೈಗೆ ಸ್ವಲ್ಪ ಗಡುಸು, ಬೆವರಿಗೆ ಜಾರುತ್ತದೆ ಎಂಬುದು ನಿಜ. ಆ ಕೊರತೆಯನ್ನು ಒಪ್ಪಿಕೊಂಡೇ ಕೊಳ್ಳಬೇಕು.

ಈಗ ‘ಎರಡಕ್ಕೂ’ ಎನ್ನುವ ಚೆಂಡಿನ ವಿಷಯ. ಬಹುಪಾಲು ಇದು ಸ್ವಲ್ಪ ದಪ್ಪ, ಸ್ವಲ್ಪ ಗಟ್ಟಿ ಲೇಪನದ ಸಿಂಥೆಟಿಕ್ ಚೆಂಡು. ಹೊರಗೆ ಆಡಿದರೆ ಕೂಡಲೇ ಹಾಳಾಗುವುದಿಲ್ಲ, ಅಷ್ಟೇ. ಪ್ರತಿ ಪುಟಿತಕ್ಕೂ ಕಾಂಕ್ರೀಟು ಉಪ್ಪುಕಾಗದದಂತೆ ಉಜ್ಜುತ್ತದೆ. ಮೈಮೇಲಿನ ಕಾಳುಕಾಳಾದ ಉಬ್ಬುಗಳ ತಲೆ ಮೊದಲು ಸವೆಯುತ್ತದೆ, ಆ ಸಂದುಗಳಲ್ಲಿ ದೂಳು ಕೂರುತ್ತದೆ. ಅದೇ ಚೆಂಡನ್ನು ಒಳಗೆ ತಂದರೆ ಎರಡು ನಷ್ಟ: ಕೈಗೆ ಹಿಡಿತವಿಲ್ಲ, ಜೊತೆಗೆ ಅಂಟಿಬಂದ ಮರಳು ಮರದ ನೆಲದ ಪಾಲಿಶ್ ಗೀರಿ ಕಾಲು ಜಾರುವಂತೆ ಮಾಡುತ್ತದೆ. ಆದ್ದರಿಂದ ಇಂಥ ಚೆಂಡಿಗೆ ಒಳಗಿನಿಂದ ಹೊರಗೆ ದಾರಿ ಇದೆ, ಹೊರಗಿನಿಂದ ಒಳಗೆ ಇಲ್ಲ. ಎರಡೂ ಕಡೆ ಆಡುವವರು ಒಂದು ರಬ್ಬರ್, ಒಂದು ಸಿಂಥೆಟಿಕ್ ಹೀಗೆ ಎರಡು ಚೆಂಡು ಇಟ್ಟುಕೊಳ್ಳುವುದೇ ಸರಿ. ಒಂದೇ ಕೊಳ್ಳಲು ಸಾಧ್ಯ, ಆಟ ಹೆಚ್ಚಾಗಿ ಹೊರಗೆ ಎಂದಾದರೆ ಯೋಚನೆಯೇ ಬೇಡ, ರಬ್ಬರ್ ಕೊಳ್ಳಿ.

ಅಳತೆಯ ವಿಷಯದಲ್ಲಿ ಆಗುವ ತಪ್ಪು ಇನ್ನೂ ದೊಡ್ಡದು. ಪುರುಷರಿಗೆ 7ನೇ ಅಳತೆ: ಸುತ್ತಳತೆ ಸುಮಾರು 75ರಿಂದ 77 ಸೆಂ.ಮೀ., ತೂಕ 600 ಗ್ರಾಂ ಆಸುಪಾಸು. ಮಹಿಳೆಯರಿಗೆ 6: ಸುಮಾರು 72 ಸೆಂ.ಮೀ., 510ರಿಂದ 550 ಗ್ರಾಂ. ಹನ್ನೊಂದು ವರ್ಷದವರೆಗಿನ ಮಕ್ಕಳಿಗೆ 5: ಸುಮಾರು 70 ಸೆಂ.ಮೀ., 500 ಗ್ರಾಂ ಒಳಗೆ. ಮಗು ಬೆಳೆಯುತ್ತದಲ್ಲ ಎಂದು 7 ಕೊಡಿಸಬೇಡಿ. ಒಂದು ಕೈಯಲ್ಲಿ ಎತ್ತಿ ಎಸೆಯಲಾಗದ ಮಗು ಎರಡೂ ಕೈಯಿಂದ ಎದೆಯ ಮಟ್ಟದಿಂದ ಚೆಂಡನ್ನು ತಳ್ಳಲು ಕಲಿಯುತ್ತದೆ. ಆ ಅಭ್ಯಾಸ ಬಿಡಿಸುವುದು ತುಂಬ ಕಷ್ಟ. ಟೋಕಿಯೊ ಒಲಿಂಪಿಕ್ಸ್‌ಗೆ ಸೇರಿದ 3x3 (ತಂಡಕ್ಕೆ ಮೂವರಂತೆ ಆಡುವ) ಆಟದ ಚೆಂಡು ಬೇರೆಯೇ: ಗಾತ್ರ 6ರದು, ತೂಕ 7ರದು. ಸಾಮಾನ್ಯ ಅಭ್ಯಾಸಕ್ಕೆ ತಿಳಿಯದೆ ಅದನ್ನು ತಂದರೆ ಹುಡುಗಿಯರಿಗೆ ಭಾರವಾಗುತ್ತದೆ.

ಅಂಗಡಿಯಲ್ಲಿ ಗಾಳಿ ತುಂಬಿಸಿಯೇ ನೋಡಿ. ಚೆಂಡನ್ನು ಬೆರಳಿನಿಂದ ತಿರುಗಿಸಿ ಮೇಲಕ್ಕೆ ಎಸೆಯಿರಿ. ಕಪ್ಪು ಗೆರೆಗಳು ಓಲಾಡುತ್ತಾ ತಿರುಗಿದರೆ ತೂಕ ಒಂದು ಪಕ್ಕಕ್ಕೆ ವಾಲಿದೆ, ಅಥವಾ ಚೆಂಡು ಗುಂಡಗಿಲ್ಲ. ಸಮನೆಲದ ಮೇಲೆ ಮೆಲ್ಲಗೆ ಉರುಳಿಸಿದಾಗ ಪ್ರತಿ ಸಲವೂ ವಾಲ್ವಿನ ಕಡೆಗೋ ಅದರ ಎದುರು ಕಡೆಗೋ ತಿರುಗಿ ನಿಂತರೆ ಅದೇ ದೋಷ. ಬಿಲ್ಲೆ ಅಂಟಿಸಿದ ಚೆಂಡಾದರೆ ಗೆರೆಯ ಅಂಚನ್ನು ಉಗುರಿನಿಂದ ಸವರಿ ನೋಡಿ. ಅಂಚು ಏಳುತ್ತಿದ್ದರೆ ಅದು ಹೆಚ್ಚು ದಿನ ಬಾಳುವುದಿಲ್ಲ. ಗೆರೆ ಆಳವಾಗಿದ್ದಷ್ಟೂ ಬೆರಳ ತುದಿಗೆ ಆಸರೆ ಹೆಚ್ಚು.

ಗಾಳಿ ಎಷ್ಟಿರಬೇಕು ಎಂಬುದು ವಾಲ್ವಿನ ಪಕ್ಕದಲ್ಲೇ ಅಚ್ಚಾಗಿರುತ್ತದೆ, ಸಾಮಾನ್ಯವಾಗಿ 7ರಿಂದ 9 ಪಿಎಸ್‌ಐ (ಗಾಳಿಯ ಒತ್ತಡದ ಅಳತೆ). ಮಾಪಕವಿಲ್ಲದಿದ್ದರೆ ಗಟ್ಟಿ ನೆಲಕ್ಕೆ 1.8 ಮೀಟರ್ ಎತ್ತರದಿಂದ ಬೀಳಬಿಡಿ. ಪುಟಿದ ಚೆಂಡಿನ ನೆತ್ತಿ 1.2ರಿಂದ 1.4 ಮೀಟರ್ ನಡುವೆ ಬರಬೇಕು. ತಂಪು ಹೊತ್ತಿನಲ್ಲಿ ಚೆಂಡು ಸಪ್ಪೆಯಾದರೆ ತೂತಾಗಿದೆ ಎಂದುಕೊಳ್ಳಬೇಡಿ, 10 ಡಿಗ್ರಿ ಸೆಲ್ಸಿಯಸ್ ಇಳಿದರೆ ಒತ್ತಡ ಮುಕ್ಕಾಲು ಪಿಎಸ್‌ಐನಷ್ಟು ಇಳಿಯುತ್ತದೆ. ಬೆಳಗ್ಗೆ ತುಂಬಾ ಬಿಗಿಯಾಗಿ ತುಂಬಿ ಮಧ್ಯಾಹ್ನ ಬಿಸಿಲಲ್ಲಿಟ್ಟರೆ ಇದೇ ಲೆಕ್ಕ ತಿರುಗಿ ಹೊಡೆಯುತ್ತದೆ: ಒಳಗಿನ ದಾರ ಹಿಗ್ಗಿ ಹರಿದು ಒಂದು ಕಡೆ ಬುಗುಟು ಏಳುತ್ತದೆ. ಬುಗುಟು ಬಂದ ಚೆಂಡನ್ನು ಸರಿಮಾಡಲಾಗದು, ಗಾಳಿ ಇಳಿಸಿದರೆ ಅಡಗಿದಂತೆ ಕಾಣುತ್ತದೆ, ತುಂಬಿದೊಡನೆ ಮತ್ತೆ ಏಳುತ್ತದೆ.

ಚೆಂಡುಗಳನ್ನು ಹಾಳುಮಾಡುವ ಇನ್ನೊಂದು ವಸ್ತು ಒಣ ಸೂಜಿ. ಅದು ವಾಲ್ವಿನ ರಬ್ಬರನ್ನು ಸೀಳುತ್ತದೆ, ಕೆಲವೊಮ್ಮೆ ವಾಲ್ವನ್ನೇ ಒಳಕ್ಕೆ ತಳ್ಳಿಬಿಡುತ್ತದೆ. ಗ್ಲಿಸರಿನ್ ಒಂದು ಹನಿ, ಅದಿಲ್ಲದಿದ್ದರೆ ನೀರು ಸವರಿ, ನೇರವಾಗಿ ನಿಧಾನಕ್ಕೆ ಚುಚ್ಚಿ. ಯಂತ್ರದ ಎಣ್ಣೆ, ಗ್ರೀಸು ಮಾತ್ರ ಬೇಡ, ಅವು ರಬ್ಬರನ್ನು ಮೆತ್ತಗಾಗಿಸುತ್ತವೆ. ಆಮೇಲೆ ವಾಲ್ವಿನ ಮೇಲೆ ಒಂದು ಹನಿ ನೀರು ಬಿಟ್ಟು ನೋಡಿ, ಗುಳ್ಳೆ ಬಂದರೆ ಸೋರಿಕೆ ಅಲ್ಲೇ.

ಶಾಲೆ, ಕ್ಲಬ್ಬುಗಳ ಖರೀದಿ ಪಟ್ಟಿಯಲ್ಲಿ ‘ಬ್ಯಾಸ್ಕೆಟ್‌ಬಾಲ್ – 10’ ಎಂದಷ್ಟೇ ಬರೆಯುವ ರೂಢಿ ನಿಲ್ಲಬೇಕು. ‘ಅಳತೆ 5, ರಬ್ಬರ್, ಕಾಂಕ್ರೀಟ್ ಅಂಗಳಕ್ಕೆ – 6; ಅಳತೆ 6, ಸಿಂಥೆಟಿಕ್, ಮರದ ನೆಲಕ್ಕೆ – 4’ ಎಂದು ಬಿಡಿಸಿ ಬರೆಯಲಿ. ಚೆಂಡುಗಳು ಬಂದ ದಿನವೇ ಒಳಗಿನವಕ್ಕೆ ‘ಒ’, ಹೊರಗಿನವಕ್ಕೆ ‘ಹೊ’ ಎಂದು ಮಾರ್ಕರಿನಿಂದ ಗುರುತು ಹಾಕಿ, ಬೇರೆ ಬೇರೆ ಚೀಲಗಳಲ್ಲಿ ಇಡಲಿ.

– ಬ್ಯಾಸ್ಕೆಟ್‌ಬಾಲ್ ತರಬೇತುದಾರರು