ಮೊಣಕಾಲಿನ ಮಾತು: ಸೋದರಳಿಯನಿಗೆ ಬರೆದ ಪತ್ರ

ಮೈಸೂರು

ಚಿರಂಜೀವಿ ಪುಟ್ಟುವಿಗೆ ನಿನ್ನ ಸೋದರಮಾವ ಮಾಡುವ ಆಶೀರ್ವಾದಗಳು.

ಇಲ್ಲಿ ನಾವೆಲ್ಲರೂ ಕ್ಷೇಮ. ನಿನ್ನ ಪತ್ರ ಕೈಸೇರಿ ಎಂಟು ದಿನಗಳಾದವು. ಎರಡು ಸಲ ಉತ್ತರ ಬರೆದು, ಮಾತು ಸರಿಹೋಗಲಿಲ್ಲವೆಂದು ಹರಿದುಹಾಕಿ, ಈಗ ಮೂರನೆಯ ಸಲ ಬರೆಯಲು ಕುಳಿತಿದ್ದೇನೆ. ನೀನು ಕಂಪನಿಯ ಕೆಲಸ ಬಿಟ್ಟು ಟೋಕಿಯೋದಲ್ಲಿ ಕುಸ್ತಿಯ ಡೋಜೋ, ಅಂದರೆ ಅಲ್ಲಿನ ಗರಡಿ, ಸೇರಿದ್ದು ನಿನ್ನ ಅಮ್ಮನಿಗೆ ಇಂದಿಗೂ ಒಪ್ಪಿಗೆಯಾಗಿಲ್ಲ. ನನಗೆ ಒಪ್ಪಿಗೆಯಾಗಿದೆ, ಮತ್ತು ಆ ವಿಷಯದಲ್ಲಿ ನಾನು ತಂಗಿಯ ಎದುರು ನಿನ್ನ ಪರವಾಗಿಯೇ ಮಾತನಾಡುತ್ತ ಬಂದಿದ್ದೇನೆ. ಆದರೆ ನಿನ್ನ ಪತ್ರದ ಕೊನೆಯ ಪುಟದಲ್ಲಿದ್ದ ನಾಲ್ಕು ಸಾಲುಗಳು ನನ್ನ ನಿದ್ದೆ ಕೆಡಿಸಿವೆ. ಬಲಗಾಲಿನ ಮಂಡಿ ಎರಡು ತಿಂಗಳಿಂದ ಊದಿಕೊಳ್ಳುತ್ತಿದೆಯೆಂದೂ, ಬೆಳಿಗ್ಗೆ ಮೆಟ್ಟಿಲಿಳಿಯುವಾಗ ಗೋಡೆ ಹಿಡಿಯಬೇಕಾಗುತ್ತದೆಯೆಂದೂ, ಇದನ್ನು ಡೋಜೋದಲ್ಲಿ ಯಾರಿಗೂ ತಿಳಿಸಿಲ್ಲವೆಂದೂ ಬರೆದು, ಕೆಳಗೆ 'ಕೊಬಾಶಿ ಹೇಳುತ್ತಿದ್ದರೇ ಮಾವ?' ಎಂದು ಕೇಳಿದ್ದೀಯೆ.

ಜಪಾನಿನ ವೃತ್ತಿಪರ ಕುಸ್ತಿಪಟು ಕೆಂತಾ ಕೊಬಾಶಿ ಅವರ ಹೆಸರನ್ನು ನಿನ್ನ ಕಿವಿಗೆ ಹಾಕಿದವನೇ ನಾನು. ನೀನು ಮೂರನೆಯ ತರಗತಿಯಲ್ಲಿದ್ದಾಗ ನಮ್ಮ ಮನೆಯ ಜಗಲಿಯ ಮೇಲೆ ಕೂರಿಸಿಕೊಂಡು ಅವರ ಕತೆ ಹೇಳಿದವನು, ಅವರು ಮುಷ್ಟಿ ಬಿಗಿದು ಎತ್ತುವ ರೀತಿಯನ್ನು ನಿನಗೆ ತೋರಿಸಿಕೊಟ್ಟವನು. ಹಾಗಾಗಿ ಆ ಕತೆಯಿಂದ ನೀನು ತಪ್ಪು ಪಾಠ ಕಲಿತಿದ್ದರೆ ಅದರ ಹೊಣೆ ನನ್ನದೂ ಹೌದು. ಅಂದು ಬಿಟ್ಟುಹೋದ ಭಾಗಗಳನ್ನು ಈಗ ಹೇಳುತ್ತೇನೆ, ಸಾವಧಾನವಾಗಿ ಓದು.

ಕೊಬಾಶಿ 1967ರಲ್ಲಿ ಕ್ಯೋತೋ ಪ್ರಾಂತ್ಯದ ಫುಕುಚಿಯಾಮಾದಲ್ಲಿ ಹುಟ್ಟಿದವರು. ಶಾಲೆಯಲ್ಲಿ ಜೂಡೋ ಆಡಿದ್ದರೂ ಹೇಳಿಕೊಳ್ಳುವಂಥ ಪದಕಗಳೇನೂ ಇರಲಿಲ್ಲ. ಓದು ಮುಗಿಸಿ ಕ್ಯೋಸೆರಾ ಕಂಪನಿಯಲ್ಲಿ ನೌಕರಿಗೆ ಸೇರಿ, ಅದನ್ನು ಬಿಟ್ಟು, ಹಿರಿಯ ಕುಸ್ತಿಪಟು ಜೈಂಟ್ ಬಾಬಾ ನಡೆಸುತ್ತಿದ್ದ ಆಲ್ ಜಪಾನ್ ಎಂಬ ವೃತ್ತಿಪರ ಕುಸ್ತಿ ಸಂಸ್ಥೆಗೆ ಅರ್ಜಿ ಹಾಕಿದರು. ಮೊದಲ ಅರ್ಜಿ ತಿರಸ್ಕೃತವಾಯಿತು. 1987ರಲ್ಲಿ ಅಂತೂ ಒಳಗೆ ಸೇರಿಸಿಕೊಂಡರು. 1988ರ ಫೆಬ್ರವರಿ 26ರಂದು ಶಿಗಾ ಪ್ರಾಂತ್ಯದ ರಿತ್ತೋ ಎಂಬ ಊರಿನ ಕ್ರೀಡಾಭವನದಲ್ಲಿ ಮೊದಲ ಕಾಳಗ ಆಡಿ ಸೋತರು. ಅಲ್ಲಿಂದ ಮುಂದೆ ಒಂಟಿ ಕಾಳಗಗಳಲ್ಲಿ ಸತತವಾಗಿ 63 ಸೋಲುಗಳು.

ಈ 63 ಎಂಬ ಸಂಖ್ಯೆಯನ್ನು ನೀನು ಛಲದ ಕತೆಯಾಗಿ ಓದಿಕೊಂಡಿದ್ದೀಯೆ ಎಂದು ನನಗೆ ಅನುಮಾನ. ನೀನೀಗ ಒಳಗಿನವನು, ಯಾರು ಗೆಲ್ಲಬೇಕೆಂಬುದು ಅಲ್ಲಿ ಮೊದಲೇ ತೀರ್ಮಾನವಾಗಿರುತ್ತದೆಯೆಂಬುದನ್ನು ನಿನಗೆ ಬಿಡಿಸಿ ಹೇಳಬೇಕಾಗಿಲ್ಲ. ನಮ್ಮ ಗರಡಿಯಲ್ಲಿ ಜೋಡಿ ಕಟ್ಟಿದ ಮೇಲೆ ಯಾರ ಬೆನ್ನು ಮಣ್ಣಿಗೆ ತಾಗುತ್ತದೆಯೋ ಅವನು ಸೋತ ಹಾಗೆ. ಅಲ್ಲಿನ ಲೆಕ್ಕವೇ ಬೇರೆ. ಆ ಹುಡುಗನನ್ನು ಅಷ್ಟು ದಿನ ಸೋಲಿಸಿದ್ದು ಅವರಲ್ಲಿ ಬಲವಿಲ್ಲದ್ದಕ್ಕಲ್ಲ. ದಿನಕ್ಕೊಬ್ಬ ಹಿರಿಯನ ಕೈಗೆ ಮೈಯೊಪ್ಪಿಸಿ, ಅವನು ಎತ್ತಿ ಹಾಕಿದ ಕಡೆ ಸರಿಯಾಗಿ ಬಿದ್ದು, ಮರುದಿನ ಇನ್ನೊಂದು ಊರಿನಲ್ಲಿ ಮತ್ತೆ ಬೀಳಲು ಸಿದ್ಧನಾಗಿರುವುದನ್ನು ಅವರು ಕಲಿಯಬೇಕಾಗಿತ್ತು. ರಿಂಗಿನ ಹಾಸಿನ ಕೆಳಗೆ ಮರದ ಹಲಗೆಗಳಿವೆ. ಗದ್ದವನ್ನು ಎದೆಗೆ ಒತ್ತಿ, ಕಣ್ಣು ಹೊಕ್ಕುಳ ನೋಡುವಂತೆ ಕತ್ತು ಬಾಗಿಸಿ, ಎರಡೂ ತೋಳುಗಳಿಂದ ಹಾಸನ್ನು ಬಡಿಯುತ್ತ ಬೆನ್ನಿನ ಮೇಲ್ಭಾಗದಲ್ಲಿ ಇಳಿಯುವ ಆ ವಿದ್ಯೆಗೆ, ನೀನು ದಿನವೂ ಮಾಡುವ ಆ 'ಉಕೆಮಿ'ಗೆ, ಅವರು ಕೊಟ್ಟ ಕಾಲ ಅದು. ನಿನಗೆ ಈ ಆರು ತಿಂಗಳಲ್ಲಿ ಬೇಸರ ಬಂದಿದೆಯೆಂದು ಬರೆದಿದ್ದೀಯೆ. ಬೇಸರ ಬರಲಿ, ಆದರೆ ಬಿಡಬೇಡ.

ಆ ದಿನಗಳಲ್ಲಿ ಅವರು ಬಾಬಾ ಅವರ 'ತ್ಸುಕೆಬಿತೋ' ಆಗಿದ್ದರು. ಬ್ಯಾಗು ಹೊರುವುದು, ಬಟ್ಟೆ ಒಗೆಯುವುದು, ಬೆನ್ನುಜ್ಜುವುದು, ಗುರುವಿನ ಜೊತೆಯಲ್ಲೇ ಊರೂರು ತಿರುಗುವುದು. ನಮ್ಮ ಉಸ್ತಾದರ ಕಾಲೊತ್ತಿ, ಗರಡಿಯ ನೆಲ ಗುಡಿಸಿ ಪಟ್ಟು ಕಲಿತವರಿಗೆ ಇದರ ಅರ್ಥ ಬೇಗ ಆಗುತ್ತದೆ. ಹಿರಿಯರ ಚಡ್ಡಿ ಒಗೆಯಲು ಹಚ್ಚಿದ್ದಾರೆಂದು ನೀನು ಅವಮಾನ ಪಟ್ಟುಕೊಂಡಿದ್ದೀಯೆ. ಆ ಕೆಲಸ ಮಾಡುವಾಗಲೇ ಅವರ ಮೈಮೇಲಿನ ಗಾಯದ ಗುರುತುಗಳೂ, ಅವರು ಎಲ್ಲಿ ಯಾವ ಪಟ್ಟಿ ಸುತ್ತುತ್ತಾರೆಂಬುದೂ ಕಣ್ಣಿಗೆ ಬೀಳುತ್ತವೆ. ಚೆನ್ನಾಗಿ ನೋಡಿಕೋ.

1990ರ ದಶಕದಲ್ಲಿ ಮಿತ್ಸುಹಾರು ಮಿಸಾವಾ, ತೋಶಿಯಾಕಿ ಕವಾದಾ, ಅಕಿರಾ ತವೆ ಮತ್ತು ಕೊಬಾಶಿ, ಈ ನಾಲ್ವರನ್ನು ಜನ 'ಶಿತೆನ್ನೋ' ಎಂದು ಕರೆದರು. ನಾಲ್ಕು ದಿಕ್ಕುಗಳ ಪಾಲಕರೆಂದು ಅರ್ಥ. ನಮ್ಮ ದಿಕ್ಪಾಲಕರ ಕಲ್ಪನೆಯೇ ಬೌದ್ಧಧರ್ಮದ ಜೊತೆ ಅಲ್ಲಿಗೆ ಹೋಗಿ ಆ ಹೆಸರು ಪಡೆದದ್ದು. ಇದನ್ನು ತಿಳಿದ ದಿನ ನನಗೆ ಊರಿನವರು ಯಾರೋ ಸಿಕ್ಕಿದಷ್ಟು ಸಂತೋಷವಾಗಿತ್ತು. ನಾನು ಟೋಕಿಯೋಗೆ ಹೋದ ಮರುವರ್ಷ, 1995ರ ಜೂನ್ 9ರಂದು, ಸಹೋದ್ಯೋಗಿಯೊಬ್ಬರು ನನ್ನನ್ನು ಅಲ್ಲಿನ ದೊಡ್ಡ ಕ್ರೀಡಾ ಸಭಾಂಗಣವಾದ ಬುದೊಕಾನ್‌ಗೆ ಕರೆದೊಯ್ದರು. ಮಿಸಾವಾ ಮತ್ತು ಕೊಬಾಶಿ ಒಂದು ಕಡೆ, ಕವಾದಾ ಮತ್ತು ತವೆ ಇನ್ನೊಂದು ಕಡೆ. ಕೊಬಾಶಿಯ ಒಂದು ಕಾಲಿಗೆ ತೊಡೆಯಿಂದ ಕೆಳಗೆ ದಪ್ಪ ಪಟ್ಟಿ ಸುತ್ತಿತ್ತು, ಎದುರಾಳಿಗಳು ಆ ಕಾಲನ್ನೇ ಹುಡುಕಿ ಹುಡುಕಿ ಹೊಡೆದರು. ನಲವತ್ತು ನಿಮಿಷ ಕಳೆಯುತ್ತ ಬಂದಾಗ ಮಿಸಾವಾ ನೆಲಕ್ಕೊರಗಿದ್ದರು, ಕೊಬಾಶಿಗೆ ನಿಲ್ಲಲಾಗುತ್ತಿರಲಿಲ್ಲ. ಅವರು ತೆವಳಿಕೊಂಡು ಬಂದು ಮಿಸಾವಾ ಅವರ ಮೈಮೇಲೆ ಅಡ್ಡಲಾಗಿ ಮಲಗಿ, ಬೀಳುವ ಒದೆಗಳಿಗೆಲ್ಲ ತಮ್ಮ ಬೆನ್ನನ್ನು ಒಡ್ಡಿದರು. ಅದು ಮೊದಲೇ ಹೆಣೆದ ಆಟವೆಂದು ಗೊತ್ತಿದ್ದೂ ನಾನು ಅತ್ತೆ.

ನೀನು ಮನಸ್ಸಿನಲ್ಲಿಟ್ಟುಕೊಂಡಿರುವ ಕೊಬಾಶಿ ಇವರೇ ಎಂದು ನನಗೆ ಗೊತ್ತು. ಅವರನ್ನು ಅಲ್ಲಿಗೇ ನಿಲ್ಲಿಸಿಬಿಡಬೇಡ.

2000ರಲ್ಲಿ ಮಿಸಾವಾ ಆಲ್ ಜಪಾನ್ ಬಿಟ್ಟು ನೋವಾ ಎಂಬ ಸಂಸ್ಥೆ ಕಟ್ಟಿದಾಗ ಕೊಬಾಶಿಯೂ ಜೊತೆಗೆ ಹೋದರು. ಮಂಡಿಗಳು ಆ ಹೊತ್ತಿಗೆ ಎಷ್ಟು ಸವೆದಿದ್ದವೆಂದರೆ 2001ರ ಆರಂಭದಿಂದ ವರ್ಷಕ್ಕೂ ಹೆಚ್ಚು ಕಾಲ ಅವರು ರಿಂಗಿಗೆ ಇಳಿಯಲಾಗಲಿಲ್ಲ. 2002ರಲ್ಲಿ ಮರಳಿದವರು ಮತ್ತೆ ಗಾಯಗೊಂಡು ಕೆಲವು ತಿಂಗಳು ಕೂರಬೇಕಾಯಿತು. ಕಂಬದ ಮೇಲೇರಿ ಹಿಂದಕ್ಕೆ ಲಾಗ ಹೊಡೆದು ಎದುರಾಳಿಯ ಮೇಲೆ ಬೀಳುವ ಮೂನ್‌ಸಾಲ್ಟ್ ಅವರ ಹೆಸರಾದ ಪಟ್ಟು. ಸುಮಾರು 115 ಕಿಲೋ ತೂಕದ ಮೈ ಅಷ್ಟೆತ್ತರದಿಂದ ಇಳಿಯುವಾಗ ಮೊದಲು ರಿಂಗಿನ ಹಾಸಿನ ಮೇಲೆ ಅಪ್ಪಳಿಸುವುದು ಎರಡು ಮಂಡಿಗಳು. ನೀನು ಕಳುಹಿಸಿದ ವಿಡಿಯೋದಲ್ಲಿ ಅದನ್ನೇ ಅಭ್ಯಾಸ ಮಾಡುತ್ತಿದ್ದೆ. ನಾನು ಆ ಹತ್ತು ಸೆಕೆಂಡುಗಳನ್ನು ಇಪ್ಪತ್ತು ಸಲವಾದರೂ ನೋಡಿದ್ದೇನೆ. ಬಲಮಂಡಿ ಎಡಮಂಡಿಗಿಂತ ಮೊದಲು ತಾಗುತ್ತಿದೆ, ಎದ್ದು ನಿಲ್ಲುವಾಗ ನೀನು ಬಲಗಾಲಿನ ಮೇಲೆ ಭಾರ ಹಾಕುತ್ತಿಲ್ಲ.

2003ರ ಮಾರ್ಚ್ 1ರಂದು ಬುದೊಕಾನ್‌ನಲ್ಲಿ ಅವರು ಮಿಸಾವಾ ಅವರನ್ನು ಸೋಲಿಸಿ ಜಿಎಚ್‌ಸಿ ಹೆವಿವೇಟ್ ಪಟ್ಟ, ಅಂದರೆ ನೋವಾದ ಅತಿ ದೊಡ್ಡ ಪಟ್ಟ, ಪಡೆದರು. 735 ದಿನ ಅದನ್ನು ಇಟ್ಟುಕೊಂಡು 13 ಸಲ ಉಳಿಸಿಕೊಂಡರು. ಅಂದಿನ ಕಾಳಗದಲ್ಲಿ ಮಿಸಾವಾ ಕೊಬಾಶಿಯನ್ನು ಹಿಂದಿನಿಂದ ತೋಳು ಕಟ್ಟಿ ಹಿಡಿದು, ಪ್ರವೇಶದ ಎತ್ತರದ ದಾರಿಯಿಂದ ಕೆಳಗಿನ ನೆಲಕ್ಕೆ ಎತ್ತಿ ಹಾಕಿದರು. ಸಭಾಂಗಣದಲ್ಲಿ ಎಲ್ಲರೂ ಎದ್ದು ನಿಂತರು, ನಾನೂ ನಿಂತೆ, ಗಂಟಲು ಕಟ್ಟುವವರೆಗೆ ಕೂಗಿದೆ. ಪುಟ್ಟು, ಆ ಕೂಗಿನ ಬಗ್ಗೆ ನನಗೆ ಈಗ ಸಮಾಧಾನವಿಲ್ಲ. ಇಬ್ಬರ ಕತ್ತುಗಳೂ ಆಗಲೇ ಸವೆದಿದ್ದವು. ಕೂಗಿದಷ್ಟೂ ಅವರು ಇನ್ನೂ ಎತ್ತರದಿಂದ ಬಿದ್ದರು. ಬಿದ್ದಷ್ಟೂ ನಾವು ಇನ್ನೂ ಕೂಗಿದೆವು. ಮುಂದೆ ನಿನ್ನ ಮುಂದೆಯೂ ಹೀಗೆ ಕೂಗುವ ಜನ ಕೂರುತ್ತಾರೆ. ಅವರು ನಿನ್ನನ್ನು ನಿಜವಾಗಿ ಪ್ರೀತಿಸುತ್ತಾರೆ, ಆದರೆ ನಿನ್ನ ಮಂಡಿಯ ಸ್ಥಿತಿ ಅವರಿಗೆ ಕಾಣುವುದಿಲ್ಲ.

2006ರ ಬೇಸಿಗೆಯಲ್ಲಿ ವೈದ್ಯಕೀಯ ತಪಾಸಣೆಯಲ್ಲಿ ಕೊಬಾಶಿಗೆ ಮೂತ್ರಪಿಂಡದ ಕ್ಯಾನ್ಸರ್ ಇರುವುದು ಗೊತ್ತಾಯಿತು. ತಪಾಸಣೆಗೆ ಹೋಗಿದ್ದರಿಂದ ಗೊತ್ತಾಯಿತು ಎಂಬುದನ್ನು ಗಮನಿಸು. ಅವರು ಅದನ್ನು ಬಚ್ಚಿಡಲಿಲ್ಲ. ಎಲ್ಲರಿಗೂ ತಿಳಿಯಿತು, ಶಸ್ತ್ರಚಿಕಿತ್ಸೆಯಾಯಿತು, 546 ದಿನ ರಿಂಗಿನಿಂದ ದೂರವಿದ್ದರು. 2007ರ ಡಿಸೆಂಬರ್ 2ರಂದು ಮರಳಿ ಬಂದಾಗ ಎದುರಿಗಿದ್ದವರಲ್ಲಿ ಒಬ್ಬರು ಮಿಸಾವಾ. ಅಂದು ಕೊಬಾಶಿಯ ಪಕ್ಷ ಸೋತಿತು; ಆದರೆ ಮನೆಗೆ ಹೋಗುವ ರೈಲಿನಲ್ಲಿ ಸೋಲಿನ ಮಾತನ್ನು ಯಾರೂ ಆಡಿದ್ದು ನಾನು ಕೇಳಲಿಲ್ಲ.

ಇನ್ನು ನಿನಗೆ ನಾನು ಎಂದೂ ಹೇಳದ ಭಾಗ. ಮಿಸಾವಾ ನೋವಾದ ಅಧ್ಯಕ್ಷರೂ ಆಗಿದ್ದರು, ಅದರ ಮುಖವೂ ಆಗಿದ್ದರು. ಅವರ ಹೆಸರು ಪಟ್ಟಿಯಲ್ಲಿದ್ದರೆ ಟಿಕೆಟ್ ಹೋಗುತ್ತಿತ್ತು; ಹುಡುಗರ ಸಂಬಳ, ಊರೂರಿನ ಪ್ರವಾಸ ಎಲ್ಲದರ ಭಾರವೂ ಆ ಹೆಸರಿನ ಮೇಲಿತ್ತು. ಕತ್ತು ನೋಯುತ್ತಿದ್ದರೂ ಅವರು ಆಡುತ್ತಲೇ ಹೋದರು. 2009ರ ಜೂನ್ 13ರಂದು ಹಿರೋಶಿಮಾದಲ್ಲಿ ಜೋಡಿ ಕಾಳಗವೊಂದರ ನಡುವೆ ಎದುರಾಳಿ ಅವರಿಗೆ, ಹಿಂದಿನಿಂದ ಸೊಂಟ ಹಿಡಿದೆತ್ತಿ ಬೆನ್ನಿನ ಮೇಲೆ ಕೆಡವುವ ಬ್ಯಾಕ್‌ಡ್ರಾಪ್ ಹಾಕಿದರು. ವರ್ಷಗಟ್ಟಲೆ ತಿಂದ ಪಟ್ಟು; ಆ ಎದುರಾಳಿಯ ತಪ್ಪು ಅದರಲ್ಲಿ ಏನೂ ಇರಲಿಲ್ಲ. ಮಿಸಾವಾ ಏಳಲಿಲ್ಲ. ಅಂದೇ ರಾತ್ರಿ ತೀರಿಕೊಂಡರು. ನಲವತ್ತೇಳು ತುಂಬಲು ಐದು ದಿನ ಬಾಕಿಯಿತ್ತು.

ಉಕೆಮಿಯಲ್ಲಿ ಅವರನ್ನು ಮೀರಿಸಿದವರಿಲ್ಲವೆಂದು ಅಲ್ಲಿನ ಹಿರಿಯರು ಹೇಳುತ್ತಿದ್ದರು. ಬೀಳುವುದನ್ನು ಅಷ್ಟು ಬಲ್ಲ ಮನುಷ್ಯ, ಸಾಮಾನ್ಯವಾದ ಒಂದು ಬೀಳುವಿಕೆಯಲ್ಲಿ ಹೋದರು. ಕತ್ತಿನೊಳಗೆ ವರ್ಷಗಳಿಂದ ಸೇರುತ್ತ ಬಂದ ಪೆಟ್ಟುಗಳನ್ನು ಯಾವ ವಿದ್ಯೆಯೂ ಅಳಿಸಲಾರದು. ಮರುದಿನ ಬೆಳಿಗ್ಗೆ ನಿಲ್ದಾಣದ ಅಂಗಡಿಯಲ್ಲಿ ಪತ್ರಿಕೆಯ ಮುಖಪುಟ ನೋಡಿ ನಾನು ಕಚೇರಿಗೆ ಹೋಗದೆ ಮನೆಗೆ ಮರಳಿದೆ.

ಕೊಬಾಶಿ ನಿಲ್ಲಿಸಿದರು. 2012ರ ಡಿಸೆಂಬರ್‌ನಲ್ಲಿ ರ‍್ಯೋಗೊಕುವಿನಲ್ಲಿ ನಿವೃತ್ತಿಯ ಮಾತು ಹೇಳಿ, 2013ರ ಮೇ 11ರಂದು ಬುದೊಕಾನ್‌ನಲ್ಲಿ ಕೊನೆಯ ಕಾಳಗ ಆಡಿದರು. ಕುದಾನ್‌ಶಿತಾ ನಿಲ್ದಾಣದಿಂದ ಮೇಲೇರುವ ಆ ಇಳಿಜಾರಿನ ದಾರಿಯಲ್ಲಿ, ಹಳೆಯ ಕೋಟೆಯ ತಯಾಸು ಬಾಗಿಲಿನವರೆಗೆ, ಕಿತ್ತಳೆ ಬಣ್ಣದ ಅಂಗಿ ತೊಟ್ಟ ನಡುವಯಸ್ಕರೇ ತುಂಬಿದ್ದರು. ಸುಮಾರು 17,000 ಜನ. ಹೆಸರು ಕೂಗಿದಾಗ ನಾಲ್ಕೂ ಕಡೆಯಿಂದ ಕಾಗದದ ಸುರುಳಿಗಳು ಹಾರಿ ಬಂದು ರಿಂಗಿನ ಹಾಸೇ ಕಾಣದಂತಾಯಿತು. ಎದುರು ನಿಂತ ನಾಲ್ವರೂ ಒಂದಾನೊಂದು ಕಾಲದಲ್ಲಿ ಅವರ ತ್ಸುಕೆಬಿತೋ ಆಗಿದ್ದವರು. ಅವರ ಬಟ್ಟೆ ಒಗೆದ ಹುಡುಗರು. ಸುಮಾರು ನಲವತ್ತು ನಿಮಿಷ ಆಡಿ, ಆ ಮಂಡಿಗಳ ಮೇಲೆಯೇ ಒಂದು ಕೊನೆಯ ಮೂನ್‌ಸಾಲ್ಟ್ ಹಾಕಿ, ಗೆದ್ದು, ನಡೆದುಕೊಂಡೇ ಹೊರಗೆ ಹೋದರು. ಆಗ ಅವರಿಗೆ ನಲವತ್ತಾರು. ಹಾಗೆ ನಡೆದು ಹೋಗುವ ಭಾಗ್ಯ ಅವರ ಗೆಳೆಯನಿಗೆ ಸಿಗಲಿಲ್ಲವೆಂದು ನನ್ನ ಪಕ್ಕದಲ್ಲಿ ಕುಳಿತಿದ್ದ ಹಿರಿಯರೊಬ್ಬರು ಮೆಲ್ಲಗೆ ಹೇಳಿ ಕಣ್ಣೊರೆಸಿಕೊಂಡರು.

ನನ್ನದೂ ಒಂದು ಸಂಗತಿಯಿದೆ. ಹದಿನೇಳನೆಯ ವಯಸ್ಸಿನಲ್ಲಿ, ದಸರಾ ಕುಸ್ತಿಗೆ ಇಪ್ಪತ್ತು ದಿನವಿರುವಾಗ, ಗರಡಿಯಲ್ಲಿ ನನ್ನ ಎಡಭುಜ ಜಾರಿತು. ಜೋಡಿ ತಪ್ಪಿಹೋಗುತ್ತದೆಂಬ ಭಯಕ್ಕೆ ಉಸ್ತಾದರಿಗೆ ಹೇಳಲಿಲ್ಲ. ಎಣ್ಣೆ ತಿಕ್ಕಿಕೊಂಡು ಸಾಮು ಮುಂದುವರಿಸಿದೆ. ಜೋಡಿಯೇನೋ ಸಿಕ್ಕಿತು, ಮೂರನೆಯ ನಿಮಿಷಕ್ಕೆ ಚಿತ್ ಆದೆ. ಆ ತೋಳು ಈಗಲೂ ಕಿವಿಯ ಮಟ್ಟಕ್ಕಿಂತ ಮೇಲೇರುವುದಿಲ್ಲ. ನಿನ್ನನ್ನು ಚಿಕ್ಕಂದಿನಲ್ಲಿ ಯಾವಾಗಲೂ ಬಲಗೈಯಲ್ಲೇ ಎತ್ತಿಕೊಳ್ಳುತ್ತಿದ್ದದ್ದು ಅದಕ್ಕೇ. ಉಸ್ತಾದರಿಗೆ ವಿಷಯ ತಿಳಿದಾಗ ಅವರು ಬೈಯಲಿಲ್ಲ, 'ನನ್ನ ಮೇಲೆ ನಂಬಿಕೆಯಿರಲಿಲ್ಲವೇ?' ಎಂದು ಕೇಳಿದರು. ಆ ಪ್ರಶ್ನೆಗೆ ನನ್ನಲ್ಲಿ ಉತ್ತರವಿರಲಿಲ್ಲ.

ನಿನ್ನ ಜೊತೆ ಅಭ್ಯಾಸ ಮಾಡುವ ಹುಡುಗನ ಬಗ್ಗೆಯೂ ಯೋಚಿಸು. ನಿನ್ನ ಮಂಡಿ ಗಟ್ಟಿಯಿದೆಯೆಂದು ನಂಬಿ ಅವನು ತನ್ನ ಮೈಯನ್ನು ನಿನ್ನ ಕೈಗೆ ಕೊಡುತ್ತಾನೆ. ಅವನನ್ನು ಹೆಗಲ ಮೇಲೆತ್ತಿಕೊಂಡಿರುವಾಗ ನಿನ್ನ ಕಾಲು ಕುಸಿದರೆ ನೆಲಕ್ಕೆ ಬಡಿಯುವುದು ಅವನ ಕತ್ತು. ಆಮೇಲೆ ಬದುಕಿರುವಷ್ಟು ದಿನವೂ ಅದನ್ನು ಹೊತ್ತುಕೊಂಡೇ ನೀನು ರಿಂಗಿಗೆ ಇಳಿಯಬೇಕಾಗುತ್ತದೆ.

ಆದ್ದರಿಂದ ನಾಳೆ ಬೆಳಿಗ್ಗೆ ಅಭ್ಯಾಸಕ್ಕೆ ಮುಂಚೆ ಡೋಜೋದ ಹಿರಿಯರ ಬಳಿ ಹೋಗಿ, ತಲೆಬಾಗಿ, ಇದ್ದದ್ದನ್ನು ಇದ್ದ ಹಾಗೆ ಹೇಳು. ಎರಡು ತಿಂಗಳು ಮುಚ್ಚಿಟ್ಟದ್ದಕ್ಕೆ ಕ್ಷಮೆಯನ್ನೂ ಕೇಳು. ಮೂಳೆ ವೈದ್ಯರಿಗೆ ತೋರಿಸಿ ಎಂಆರ್‌ಐ ಮಾಡಿಸು. ಖರ್ಚಿನ ಮಾತು ನನಗೆ ಬಿಡು. ಅವರು ನಿಲ್ಲು ಎಂದಷ್ಟು ದಿನ ನಿಲ್ಲು. ಆ ದಿನಗಳಲ್ಲಿ ಡೋಜೋ ಗುಡಿಸು, ಅಡುಗೆ ಮಾಡು, ರಿಂಗಿನ ಪಕ್ಕ ಕುಳಿತು ಹಿರಿಯರು ಹೇಗೆ ಬೀಳುತ್ತಾರೆಂದು ನೋಡು. ವೈದ್ಯರು ಒಪ್ಪುವವರೆಗೆ ಮೂನ್‌ಸಾಲ್ಟ್ ಬೇಡ. ಇದೊಂದು ನಾನು ಕೇಳಿಕೊಳ್ಳುತ್ತಿರುವುದಲ್ಲ, ಮಾವನಾಗಿ ಹೇಳುತ್ತಿರುವುದು. ಇದನ್ನು ಹೇಳಿದ್ದಕ್ಕೆ ಅವರು ನಿನ್ನನ್ನು ಹೊರಗೆ ಹಾಕಿದರೆ ಆ ಡೋಜೋ ನಿನಗೆ ಬೇಡ, ಬೇರೆಯದನ್ನು ಇಬ್ಬರೂ ಸೇರಿ ಹುಡುಕೋಣ.

ನಿನ್ನ ಅಮ್ಮನಿಗೆ ಈ ವಿಷಯ ನಾನು ಇನ್ನೂ ಹೇಳಿಲ್ಲ. ವೈದ್ಯರ ವರದಿ ಬಂದ ಮೇಲೆ ನೀನೇ ಹೇಳಬೇಕು, ಆಗ ನಾನು ಅವಳ ಪಕ್ಕದಲ್ಲೇ ಕುಳಿತಿರುತ್ತೇನೆ. ಬರುವ ಭಾನುವಾರ ನಿಮ್ಮ ಸಮಯ ರಾತ್ರಿ ಎಂಟಕ್ಕೆ ಫೋನ್ ಮಾಡುತ್ತೇನೆ. ಮಂಡಿಯ ಊತ ಎಷ್ಟಿದೆಯೆಂದು ನೋಡಬೇಕು, ಕ್ಯಾಮೆರಾ ಹಚ್ಚಿಡು.

ಇತಿ ನಿನ್ನ ಪ್ರೀತಿಯ
ಸೋದರಮಾವ