ಪುಟ್ಟನಿಗೆ ಹೇಳಮ್ಮ, ಆ ತೋಟಕ್ಕೆ ದುಡ್ಡು ಹಾಕುವುದು ಬೇಡ

ಪೆಕನ್‌ಬಾರು, ಸುಮಾತ್ರಾ

ಅಮ್ಮನಿಗೆ, ಅಪ್ಪನಿಗೆ ನಮಸ್ಕಾರ.

ನಾನು ಕ್ಷೇಮ, ನೀವೂ ಹಾಗೇ ಇದ್ದೀರಿ ಅಂದುಕೊಂಡಿದ್ದೇನೆ. ಅಕ್ಕನ ಮಗುವಿನ ಫೋಟೋ ನೋಡಿದೆ. ಥೇಟ್ ಅಜ್ಜಿಯ ಮೂಗು.

ಅಮ್ಮ, ನಿನ್ನ ಪತ್ರ ಬಂತು. ಟೀವಿಯಲ್ಲಿ ಇಲ್ಲಿಯ ಕಾಡ್ಗಿಚ್ಚಿನ ಹೊಗೆ ನೋಡಿ ಹೆದರಿದ್ದೀಯ. ಹೊಗೆ ಇದೆ, ಇಲ್ಲ ಅನ್ನುವುದಿಲ್ಲ. ಆದರೆ ನನಗೇನೂ ಆಗಿಲ್ಲ. ಕಿಟಕಿ ಮುಚ್ಚಿಕೊಂಡೇ ಇರುತ್ತೇನೆ, ಮಾಸ್ಕ್ ಇದೆ, ಫೋನಿನಲ್ಲಿ ನೀನು ಕೇಳಿದ ಕೆಮ್ಮು ಎಸಿಯದ್ದು. ಅದನ್ನು ಬಿಡು. ನನ್ನ ನಿದ್ದೆ ಕೆಡಿಸಿದ್ದು ಪತ್ರದ ಕೊನೆಗೆ ನೀನು ಸುಮ್ನೆ ತುರುಕಿದ ಎರಡು ಸಾಲು. ಅಪ್ಪನ ನಿವೃತ್ತಿಯ ದುಡ್ಡನ್ನು ಪುಟ್ಟ ಇಂಡೋನೇಷ್ಯಾದ ತಾಳೆ ತೋಟಕ್ಕೆ ಹಾಕಿಸುತ್ತಾನಾ? "ಅಣ್ಣ ಅಲ್ಲೇ ಇದ್ದಾನಲ್ಲ, ನೋಡಿಕೊಳ್ಳುತ್ತಾನೆ" ಅಂದನಂತೆ. ಇಲ್ಲೇ ಇರುವುದಕ್ಕೇ ಹೇಳುತ್ತಿದ್ದೇನೆ, ಬೇಡ.

ಜಮೀನು ನಿಮ್ಮ ಹೆಸರಿಗೇ ಆಗುತ್ತದೆ ಎಂದು ಏಜೆಂಟ್ ಹೇಳಿದ್ದಾನಂತೆ. ಇಲ್ಲಿಯ 1960ರ ಭೂ ಕಾನೂನಿನಲ್ಲಿ ಹೊರದೇಶದವರಿಗೆ ಜಮೀನಿನ ಪೂರ್ತಿ ಮಾಲೀಕತ್ವ ಸಿಗುವುದೇ ಇಲ್ಲ. ತೋಟದ ಕಂಪನಿಗಳಿಗೂ ಸರ್ಕಾರ ಕೊಡುವುದು ಇಂತಿಷ್ಟು ವರ್ಷ ಅಂತ ಬಳಸುವ ಹಕ್ಕು, ಅಷ್ಟೇ. ಹಾಗಾದರೆ ಪುಟ್ಟನ ಕೈಗೆ ಬರುವ ಕಾಗದ ಯಾವುದು? ಅವನೇ ಕೇಳಲಿ.

ಇನ್ನೊಂದು, "ಕಾಡು ಕಡಿದು ಹಸನು ಮಾಡಿಟ್ಟಿದ್ದಾರೆ, ಗಿಡ ನೆಟ್ಟರೆ ಆಯಿತು" ಅನ್ನುವ ಮಾತು. ಗುಟ್ಟೆಲ್ಲ ಇರುವುದು ಅಲ್ಲೇ, ಅಮ್ಮ. ದೊಡ್ಡ ಮರಗಳ ದುಡ್ಡು ಮೊದಲೇ ಯಾರದೋ ಜೇಬಿಗೆ ಹೋಗಿರುತ್ತದೆ. ಉಳಿದ ಪೊದೆ, ಕೊಂಬೆಗಳನ್ನು ಯಂತ್ರದಲ್ಲಿ ತೆಗೆಸಿದರೆ ಖರ್ಚು ಜಾಸ್ತಿ, ಬೆಂಕಿಗೆ ಒಂದು ಕಡ್ಡಿ ಸಾಕು. ಹಾಗೆ ಬೋಳಾದ ನೆಲಕ್ಕೆ ಕಾಡಿದ್ದ ನೆಲಕ್ಕಿಂತ ಒಳ್ಳೆ ರೇಟು. ಅದನ್ನು ಇನ್ನೊಬ್ಬರಿಗೆ ದಾಟಿಸಿದವನಿಗೂ ಲಾಭ ಬಂತು. ಆಮೇಲೆ ಗಿಡ ಫಸಲಿಗೆ ಬರಲು ಸುಮಾರು 3 ವರ್ಷ. ಗೊಬ್ಬರ, ಕೂಲಿ, ಬಡ್ಡಿ ಎಲ್ಲಾ ಕೊನೆಯಲ್ಲಿ ಕೊಂಡವನ ತಲೆಗೆ. ಆ ಕೊನೆಯವನು ನಮ್ಮ ಅಪ್ಪ ಆಗಬೇಕಾ?

ಫಸಲು ಬಂದ ಮೇಲೂ ಏನಾಗುತ್ತದೆ ಅಂತ ನಮ್ಮ ತಾಳೆ ಎಣ್ಣೆ ಮಿಲ್ಲಿನ ಗೇಟಿನಲ್ಲಿ ನಿಂತು ನೋಡಬೇಕು. ಸಣ್ಣ ರೈತರ ಲಾರಿಗಳು ಸಾಲಾಗಿ ನಿಂತಿರುತ್ತವೆ. ಒಂದೊಂದು ಗೊನೆ ಇಪ್ಪತ್ತು ಕಿಲೋ, ಮೈಯೆಲ್ಲಾ ಮುಳ್ಳು. ಕೊಯ್ದ ಹಣ್ಣನ್ನು ಒಂದು ದಿನದೊಳಗೆ ಆವಿಯಲ್ಲಿ ಬೇಯಿಸಬೇಕು, ತಡವಾದಷ್ಟೂ ಆಮ್ಲ ಏರಿ ಎಣ್ಣೆ ಕೆಡುತ್ತದೆ. ಆದ್ದರಿಂದ ರೇಟು ಗಿಟ್ಟಲಿಲ್ಲ ಅಂತ ಯಾರೂ ವಾಪಸ್ ಒಯ್ಯುವ ಹಾಗಿಲ್ಲ. ಗ್ರೇಡಿಂಗ್ ಮಾಡುವವನು ಕಬ್ಬಿಣದ ಕೊಕ್ಕೆಯಲ್ಲಿ ಗೊನೆ ಹೊರಳಿಸುತ್ತಾನೆ, ಕಾಯಿ ಅಂತ ಒಂದಿಷ್ಟು ಪಕ್ಕಕ್ಕೆ ತಳ್ಳುತ್ತಾನೆ. ರೈತ ಲವಂಗದ ಸಿಗರೇಟು ಸೇದುತ್ತಾ ನೋಡುತ್ತಾನೆ. ಏನೂ ಅನ್ನುವುದಿಲ್ಲ. 2022ರ ಏಪ್ರಿಲ್ ಕೊನೆಯಲ್ಲಿ ಇಲ್ಲಿಯ ಸರ್ಕಾರ ತಾಳೆ ಎಣ್ಣೆ ರಫ್ತನ್ನೇ ನಿಲ್ಲಿಸಿತ್ತು. ಮೂರೇ ಮೂರು ವಾರ. ಅಷ್ಟರಲ್ಲಿ ಹಣ್ಣಿನ ಬೆಲೆ ಕುಸಿದು ಹೋಗಿತ್ತು, ಎಷ್ಟೋ ಮಿಲ್‌ಗಳು ರೈತರ ಹಣ್ಣು ತೆಗೆದುಕೊಳ್ಳುವುದನ್ನೇ ಬಿಟ್ಟಿದ್ದವು. ನಾನು ಆಗಿನ್ನೂ ಬಂದಿರಲಿಲ್ಲ, ಆದರೆ ಇಲ್ಲಿಯವರು ಈಗಲೂ ಅದನ್ನೇ ಹೇಳುತ್ತಾರೆ. ಏಜೆಂಟನ "ಖಾತ್ರಿ ಲಾಭ" ಆ ಮೂರು ವಾರ ಎಲ್ಲಿತ್ತಂತೆ?

ಪುಟ್ಟ ಇನ್ನೊಂದು ಪ್ರಶ್ನೆ ಕೇಳಲೇಬೇಕು. ಆ ಜಾಗ ಪೀಟ್ ನೆಲವಾ? ಇಲ್ಲಿ ಅದಕ್ಕೆ ಗಂಬುತ್ ಅನ್ನುತ್ತಾರೆ. ಸಾವಿರಾರು ವರ್ಷ ಎಲೆ, ಬೇರು, ಮರದ ದಿಮ್ಮಿ ನೀರಲ್ಲಿ ಬಿದ್ದು ಪೂರ್ತಿ ಕೊಳೆಯದೆ ಹಾಗೇ ಉಳಿದ ಕಪ್ಪು ನೆಲ, ಕೆಲವು ಕಡೆ 10 ಮೀಟರಿಗೂ ಆಳ. ತಾಳೆ ನೆಡಲು ಕಾಲುವೆ ತೋಡಿ ಆ ನೀರನ್ನು ಹೊರಗೆ ಬಿಡುತ್ತಾರೆ. ನೀರು ಹೋದ ಮೇಲೆ ನೆಲ ವರ್ಷ ವರ್ಷ ಕುಸಿಯುತ್ತದೆ, ಆಮೇಲೆ ಮಳೆಗಾಲದಲ್ಲಿ ಅದೇ ತೋಟದಲ್ಲಿ ನೀರು ನಿಲ್ಲುತ್ತದೆ. ಬೇಸಿಗೆಯಲ್ಲಿ ಒಣಗಿತೋ, ನೆಲವೇ ಸೌದೆ. ಹೋದ ತಿಂಗಳು ರಸ್ತೆ ಬದಿ ಒಂದು ಕಡೆ ಮೇಲೆಲ್ಲಾ ತಣ್ಣಗಿತ್ತು, ನಮ್ಮ ಡ್ರೈವರ್ ಕೋಲು ಚುಚ್ಚಿ ತೆಗೆದ, ತೂತಿನಿಂದ ಬಿಳಿ ಹೊಗೆ ಎದ್ದಿತು. ಬೂದಿ ಮುಚ್ಚಿದ ಕೆಂಡ ಅನ್ನುತ್ತೇವಲ್ಲ, ಹಾಗೆ. ಬೆಂಕಿ ಆರಿಸುವವರು ಪೈಪನ್ನು ನೆಲದೊಳಗೇ ಇಳಿಸಿ ನೀರು ಬಿಡುತ್ತಾರೆ. ದೊಡ್ಡ ಮಳೆ ಬರುವವರೆಗೂ ಪೂರ್ತಿ ಆರುವುದಿಲ್ಲ.

ಇದು ಹೊಸದೂ ಅಲ್ಲ. 90ರ ದಶಕದಲ್ಲಿ ಆಗಿನ ಅಧ್ಯಕ್ಷ ಸುಹಾರ್ತೊ ಅವರ ಸರ್ಕಾರ ಬೋರ್ನಿಯೊ ದ್ವೀಪದ ಮಧ್ಯ ಕಾಲಿಮಂತಾನ್‌ನಲ್ಲಿ 10 ಲಕ್ಷ ಹೆಕ್ಟೇರ್ ಪೀಟ್ ಕಾಡನ್ನು ಭತ್ತದ ಗದ್ದೆ ಮಾಡಲು ಹೊರಟಿತ್ತು. ಕಾಲುವೆ ತೋಡಿದರು, ಮರ ಕಡಿದರು, ಮರ ಮಾರಾಟವಾಯಿತು. ಭತ್ತ ಮಾತ್ರ ಬೆಳೆಯಲಿಲ್ಲ. 1997ರಲ್ಲಿ ಅಲ್ಲೆಲ್ಲಾ ಬೆಂಕಿ. 2015ರಲ್ಲಿ ದೇಶದಲ್ಲಿ ಸುಮಾರು 26 ಲಕ್ಷ ಹೆಕ್ಟೇರ್ ಸುಟ್ಟಿತು, ವಿಶ್ವ ಬ್ಯಾಂಕ್ ಹಾಕಿದ ನಷ್ಟದ ಲೆಕ್ಕ 1,600 ಕೋಟಿ ಡಾಲರ್. ಆ ಹೊಗೆ ಸಿಂಗಪುರ, ಮಲೇಷ್ಯಾವರೆಗೂ ಹೋಯಿತು. ಶಾಲೆ ಮುಚ್ಚಿದರು, ವಿಮಾನ ನಿಂತವು. ಲಾಭ ಮಾಡಿಕೊಂಡವರೇ ಬೇರೆ, ಕೆಮ್ಮಿದವರೇ ಬೇರೆ. (ನಾನು ಕೆಮ್ಮುತ್ತಿಲ್ಲ ಅಂತ ಆಗಲೇ ಹೇಳಿದೆ.)

"ಎಲ್ಲಾ ದೇಶದವರೂ ಕಾಡು ಕಡಿದೇ ಮುಂದೆ ಬಂದಿದ್ದು" ಅಂತ ಪುಟ್ಟ ಭಾಷಣ ಮಾಡುತ್ತಾನೆ, ಗೊತ್ತು. ಬ್ರೆಜಿಲ್‌ನ ಅಮೆಜಾನ್‌ನಲ್ಲಿ 2004ರಲ್ಲಿ 27 ಸಾವಿರ ಚದರ ಕಿಲೋಮೀಟರಿಗೂ ಜಾಸ್ತಿ ಕಾಡು ಹೋಗಿತ್ತು, ಮುಖ್ಯವಾಗಿ ದನದ ಹುಲ್ಲುಗಾವಲಿಗೆ. ಉಪಗ್ರಹದಿಂದ ಕಣ್ಣಿಟ್ಟರು, ಕಾನೂನು ಮುರಿದವರಿಗೆ ಬ್ಯಾಂಕ್ ಸಾಲ ತಡೆದರು. 2012ಕ್ಕೆ ವರ್ಷಕ್ಕೆ ಕಡಿಯುವುದು ಐದು ಸಾವಿರದ ಒಳಗೆ ಬಂತು. ಅಷ್ಟಾದರೂ ಅಲ್ಲಿ ದನ ಸಾಕುವುದೂ ನಿಲ್ಲಲಿಲ್ಲ, ಸೋಯಾ ಬೆಳೆಯುವುದೂ ನಿಲ್ಲಲಿಲ್ಲ. ಯುರೋಪಿನವರು 2023ರಲ್ಲಿ ಕಾನೂನೇ ತಂದಿದ್ದಾರೆ. 2020ರ ಡಿಸೆಂಬರ್ 31ರ ನಂತರ ಕಾಡು ಕಡಿದ ನೆಲದ ತಾಳೆ ಎಣ್ಣೆ ಅಲ್ಲಿಗೆ ಬೇಡ. ಜಾರಿಯನ್ನು ಮುಂದೆ ಹಾಕುತ್ತಲೇ ಇದ್ದಾರೆ, ಆದರೂ ಹೊಸದಾಗಿ ಕಡಿದ ನೆಲಕ್ಕೆ ಕಷ್ಟ ಕಾದಿದೆ.

ಹಾಗಂತ ಮರದ ತಪ್ಪೇನೂ ಇಲ್ಲ. ಒಂದು ಹೆಕ್ಟೇರಿನಲ್ಲಿ ತಾಳೆ ಕೊಡುವಷ್ಟು ಎಣ್ಣೆಯನ್ನು ಸೋಯಾ ಆಗಲಿ ಸೂರ್ಯಕಾಂತಿ ಆಗಲಿ ಹತ್ತಿರದಲ್ಲೂ ಕೊಡುವುದಿಲ್ಲ. ಮತ್ತೆ ತಾಳೆ ಎಣ್ಣೆಯನ್ನು ಹೊರಗಿನಿಂದ ತರಿಸುವುದರಲ್ಲಿ ನಮ್ಮ ದೇಶವೇ ನಂಬರ್ ಒನ್, ಹಾಗಾಗಿ ಇಲ್ಲಿಯವರನ್ನು ಬೈದು ನಾವು ಕೈ ತೊಳೆದುಕೊಳ್ಳುವ ಹಾಗಿಲ್ಲ. ನಮ್ಮ ಮಿಲ್ಲಿನ ಬಾಯ್ಲರ್‌ಗೆ ಕಲ್ಲಿದ್ದಲು ಬೇಡ, ಹಣ್ಣಿನ ನಾರು, ಚಿಪ್ಪಿನಲ್ಲೇ ಉರಿಯುತ್ತದೆ, ಅಪ್ಪನಿಗೆ ಹೇಳು, ಖುಷಿಪಡುತ್ತಾರೆ. ತೋಟದಲ್ಲಿ ಇಲಿ ಹಿಡಿಯಲಿ ಅಂತ ಗೂಬೆಗಳಿಗೆ ಕಂಬದ ಮೇಲೆ ಮನೆ ಕಟ್ಟಿಕೊಡುತ್ತಾರೆ. ಇದನ್ನು ಅಜ್ಜಿಗೆ ಹೇಳಬೇಡ.

ಅಂದ ಹಾಗೆ, ಜಾಗ ರಾಷ್ಟ್ರೀಯ ಉದ್ಯಾನದ ಪಕ್ಕದಲ್ಲೇ ಇದೆ ಅಂತ ಏಜೆಂಟ್ ಹೆಮ್ಮೆಯಿಂದ ಹೇಳಿದನಂತಲ್ಲ? ಇಲ್ಲಿ ತೆಸ್ಸೊ ನಿಲೊ ಅಂತ ಒಂದಿದೆ, 2004ರಲ್ಲಿ ಆನೆಗಳಿಗಾಗಿ ಘೋಷಿಸಿದ್ದು. ಅದರೊಳಗೇ ಎಷ್ಟೋ ಕಡೆ ಈಗ ಅಕ್ರಮ ತಾಳೆ ತೋಟ. ಆನೆಗೆ ತಾಳೆಯ ಎಳೆ ಸುಳಿ ಅಂದರೆ ಪ್ರಾಣ. ಸರ್ಕಾರ ತೆರವು ಮಾಡಲು ಬಂದರೂ ಹೋಯಿತು, ಆನೆ ಬಂದರೂ ಹೋಯಿತು.

ಅಪ್ಪ ಬೇಜಾರು ಮಾಡಿಕೊಳ್ಳಬಾರದು. ದುಡ್ಡು ಬ್ಯಾಂಕಿನಲ್ಲೇ ಇರಲಿ, ಕಡಿಮೆ ಬಡ್ಡಿಯಾದರೂ ಪರವಾಗಿಲ್ಲ, ಸಾಲದಿದ್ದರೆ ನಾನಿದ್ದೇನೆ. ಪುಟ್ಟನನ್ನು ಬೈಯಬೇಡ, ನಾನೇ ಭಾನುವಾರ ಮಾತಾಡುತ್ತೇನೆ. ನನ್ನ ಬಗ್ಗೆ ಯೋಚನೆಯೇ ಬೇಡ, ಊಟ, ನಿದ್ದೆ, ಎಲ್ಲಾ ಸರಿಯಾಗಿದೆ, ಡಾಕ್ಟರ್ ಕೂಡ ಏನಿಲ್ಲ ಅಂದರು, ಸುಮ್ನೆ ತೋರಿಸಿಕೊಂಡು ಬಂದೆ ಅಷ್ಟೇ. ಶಿಫ್ಟ್ ಗಾಡಿ ಬಂತು, ಹಾರ್ನ್ ಹೊಡೆಯುತ್ತಿದ್ದಾನೆ. ಎಲ್ಲರಿಗೂ ಕೇಳಿದೆ ಅಂತ ಹೇಳು.

ನಿನ್ನ ಮಗ

ಮರೆತಿದ್ದೆ: ಪುಟ್ಟ ಆಗಲೇ ಮುಂಗಡ ಕೊಟ್ಟಿದ್ದರೆ ಮುಚ್ಚಿಡದೆ ರಸೀದಿಯ ಫೋಟೋ ಇವತ್ತೇ ಕಳಿಸಲಿ.